ಪ್ರಯಾಣಿಕರಿಲ್ಲದ ರೈಲು

[ಕಪ್ಪು ಪರದೆ. ಹಳಿಯ ಮೇಲೆ ಗಾಲಿಗಳ ಸದ್ದು.]

ರಾತ್ರಿ 8.30. ಲಂಡನ್ನಿನ ಯೂಸ್ಟನ್ ನಿಲ್ದಾಣದಿಂದ ಸ್ಕಾಟ್ಲೆಂಡಿಗೆ ಒಂದು ರೈಲು ಹೊರಡುತ್ತದೆ. ಅದರಲ್ಲಿ ಒಬ್ಬ ಪ್ರಯಾಣಿಕನೂ ಇಲ್ಲ. ಇರುವುದು ಕಾಗದಗಳು ಮತ್ತು ಅವುಗಳನ್ನು ವಿಂಗಡಿಸುವ ಅಂಚೆ ನೌಕರರು.

ಇದು 1936ರ ‘ನೈಟ್ ಮೇಲ್’. ಬ್ರಿಟನ್ನಿನ ಅಂಚೆ ಇಲಾಖೆ ತನ್ನದೇ ಚಲನಚಿತ್ರ ಘಟಕದಿಂದ ಮಾಡಿಸಿದ, ಅರ್ಧ ಗಂಟೆಗೂ ಕಡಿಮೆಯ ಕಪ್ಪು-ಬಿಳುಪು ಚಿತ್ರ. ನಿರ್ದೇಶಕರು ಹ್ಯಾರಿ ವಾಟ್ ಮತ್ತು ಬೇಸಿಲ್ ರೈಟ್. ಇಲಾಖೆಯ ಚಿತ್ರವೆಂದರೆ ನನಗೆ ಆಕಳಿಕೆ. ಚಿತ್ರಮಂದಿರದಲ್ಲಿ ಸರ್ಕಾರಿ ವಾರ್ತಾಚಿತ್ರ ಶುರುವಾದೊಡನೆ ಕಡಲೆಕಾಯಿ ತರಲು ಎದ್ದು ಹೋಗುತ್ತಿದ್ದವನು ನಾನು. ಇದರ ಮುಂದಿನಿಂದ ಏಳಲಾಗಲಿಲ್ಲ.

[ದೃಶ್ಯ: ಬೋಗಿಯ ಹೊರಗೆ ತೂಗುವ ಚರ್ಮದ ಚೀಲ.]

ಇಲ್ಲಿ ನೋಡಿ. ರೈಲು ಓಡುತ್ತಿರುವಾಗಲೇ ಚೀಲ ಹಳಿಯ ಪಕ್ಕದ ಬಲೆಗೆ ಬೀಳಬೇಕು. ಹೊರಗೆ ಕತ್ತಲೆ. ಹಳಬ ಹೊಸಬನಿಗೆ ಗುಟ್ಟು ಹೇಳಿಕೊಡುತ್ತಾನೆ: ಎರಡು ಸೇತುವೆ ದಾಟಲಿ, ಆಮೇಲೆ ಗಾಲಿಯ 45 ಬಡಿತ ಎಣಿಸು. ಅವನು ಎಣಿಸುವಾಗ ನಾವೂ ಉಸಿರು ಹಿಡಿದು ಎಣಿಸುತ್ತೇವೆ.

ಇನ್ನೊಂದು ಗುಟ್ಟು. ನೌಕರರು ಓಲಾಡುತ್ತಾ ಕಾಗದ ವಿಂಗಡಿಸುವ ಬೋಗಿ ಓಡುತ್ತಲೇ ಇಲ್ಲ! ಅದು ಸ್ಟುಡಿಯೋದ ಸೆಟ್. ಜನ ಮಾತ್ರ ನಿಜವಾದ ಅಂಚೆಯವರು. ಕ್ಯಾಮೆರಾಕ್ಕೆ ಕಾಣದಂತೆ ತೂಗುತ್ತಿದ್ದ ದಾರವನ್ನು ನೋಡಿಕೊಂಡು ಮೈ ತೂಗಿದರು. ಇದನ್ನು ಮೋಸವೆನ್ನಲು ನನಗೆ ಮನಸ್ಸಿಲ್ಲ. ಆ ಓಲಾಟ ಅವರ ಮೈಗೆ ಎಂದೋ ಹತ್ತಿದ್ದು.

[ದೃಶ್ಯ: ಬೆಳಗಿನ ಜಾವ. ಏರು ಹತ್ತುವ ಎಂಜಿನ್.]

ಕೊನೆಯಲ್ಲಿ ಕವಿತೆ ಶುರುವಾಗುತ್ತದೆ. ಬರೆದವರು ಡಬ್ಲ್ಯೂ. ಎಚ್. ಆಡನ್, ಸಂಗೀತ 22 ವರ್ಷದ ಬೆಂಜಮಿನ್ ಬ್ರಿಟನ್‌ದು. ಛಂದಸ್ಸಿನ ಲಯಕ್ಕೆ ನಾವು ಕನ್ನಡದಲ್ಲಿ ‘ನಡೆ’ ಎನ್ನುತ್ತೇವಲ್ಲ, ಇಲ್ಲಿ ಅದು ಅಕ್ಷರಶಃ ರೈಲಿನ ನಡೆ. ಸ್ಕಾಟ್ಲೆಂಡಿನ ಬೀಟಕ್ ಎಂಬ ಏರಿನಲ್ಲಿ ಸಾಲುಗಳು ಏದುಸಿರು ಬಿಡುತ್ತಾ ಹತ್ತುತ್ತವೆ. ಇಳಿಜಾರು ಬಂದದ್ದೇ ತಡ, ಪ್ರೇಮಪತ್ರ, ಬ್ಯಾಂಕಿನ ಪತ್ರ, ಸಾಂತ್ವನದ ಪತ್ರ ಎಲ್ಲವೂ ಒಂದರ ಮೇಲೊಂದು ಉರುಳಿಬರುತ್ತವೆ.

ನಮ್ಮಲ್ಲೂ ರೈಲಿನಲ್ಲೇ ಅಂಚೆ ವಿಂಗಡಿಸುವ ಆರ್‌ಎಂಎಸ್ (ರೈಲ್ವೆ ಮೇಲ್ ಸರ್ವಿಸ್) ಬೋಗಿಗಳಿದ್ದವು. ಊರಿನ ಅಂಚೆ ಡಬ್ಬಿ ತೆರೆದು ಕಾಗದ ಒಯ್ದ ಮೇಲೆ ಬರೆದು ಮುಗಿದ ಕಾಗದವನ್ನು ಹಿಡಿದು ನಿಲ್ದಾಣಕ್ಕೆ ಓಡಿ, ಬೋಗಿಯ ಪೆಟ್ಟಿಗೆಗೇ ಹಾಕಿದವರು ಎಷ್ಟೋ ಮಂದಿ. ಒಳಗೆ ಅದನ್ನು ಎತ್ತಿಕೊಂಡವನಿಗೆ ವಿಳಾಸ ಗೊತ್ತು, ಮುಖ ಗೊತ್ತಿಲ್ಲ. ಆಡನ್ನರ ಕವಿತೆ ನಿಲ್ಲುವುದೂ ಇಂಥ ಗೊತ್ತಿಲ್ಲದವರ ಮನೆಗಳಲ್ಲೇ: ಗ್ಲಾಸ್ಗೋ, ಎಡಿನ್‌ಬರೋ, ಅಬರ್ಡೀನ್ ಇನ್ನೂ ಮಲಗಿವೆ. ಎದ್ದೊಡನೆ ಅವರ ಕಿವಿ ಅಂಚೆಯವನು ಬಾಗಿಲು ತಟ್ಟುವ ಸದ್ದಿಗೇ.

ಚಿತ್ರವನ್ನು ಒಮ್ಮೆ ನೋಡಿ. ಎರಡನೆಯ ಸಲ ಕೊನೆಯ ಭಾಗವನ್ನು ಕಣ್ಣು ಮುಚ್ಚಿ ಕೇಳಿ.

[ಗಾಲಿಗಳ ಸದ್ದು ನಿಧಾನವಾಗುತ್ತದೆ.]