ಆಕಾಶ ಕಾದ ಟೆಲಿಫೋನು

ಕೇಳುಗರಿಗೆಲ್ಲ ನಮಸ್ಕಾರ.

ಎರಡನೇ ಮಹಾಯುದ್ಧದ ವಿಮಾನಗಳ ಬಗ್ಗೆ ಮಾತಾಡಿ ಅಂತ ರೇಡಿಯೋ ನಿಲಯದವರು ಕರೆದಿದ್ದಾರೆ. ಈ ವಿಷಯ ತೆಗೆದರೆ ಸಾಕು, ಎಲ್ಲರೂ ಕೇಳುವುದು ಬ್ರಿಟಿಷರ ಯುದ್ಧವಿಮಾನ ಸ್ಪಿಟ್‌ಫೈರ್ ಬಗ್ಗೆಯೇ. ಎಷ್ಟು ವೇಗ, ಎಷ್ಟು ಗನ್ನು. ಎಂಟು ಗನ್ನು ಇದ್ದವು, ಆಯ್ತಾ? ಈಗ ಅದನ್ನು ಬಿಟ್ಟುಬಿಡೋಣ. ನಾನು ವಾಯುಪಡೆಯಲ್ಲಿ ಸಿಗ್ನಲ್ಸ್, ಅಂದರೆ ಸುದ್ದಿ ತಲುಪಿಸುವ ಕೆಲಸ ಮಾಡಿದವನು. ನನ್ನನ್ನು ಕೇಳಿದರೆ, 1940ರಲ್ಲಿ ಜರ್ಮನ್ ವಿಮಾನಗಳಿಂದ ಲಂಡನ್ನಿನ ಆಕಾಶ ಕಾದದ್ದು ಟೆಲಿಫೋನು.

ಬ್ರಿಟನ್ನಿನ ಫೈಟರ್ ಕಮಾಂಡ್, ಅಂದರೆ ಶತ್ರು ವಿಮಾನಗಳನ್ನು ತಡೆಯುವ ಫೈಟರ್ ವಿಮಾನಗಳ ಪಡೆ, ಶುರುವಾದದ್ದು 1936ರಲ್ಲಿ. ದೇಶವನ್ನು ಭಾಗ ಮಾಡಿ ಒಂದೊಂದನ್ನು ಒಂದೊಂದು ಗ್ರೂಪಿಗೆ ಒಪ್ಪಿಸಿದ್ದರು. ಲಂಡನ್ನು ಮತ್ತು ಆಗ್ನೇಯ ಮೂಲೆ 11ನೇ ಗ್ರೂಪಿನ ಪಾಲಿಗೆ ಬಂತು. ಜರ್ಮನ್ನರು ಫ್ರಾನ್ಸ್ ಹಿಡಿದ ಮೇಲೆ ಪೆಟ್ಟೆಲ್ಲ ಬಿದ್ದದ್ದು ಈ ಮೂಲೆಗೇ. ಗ್ರೂಪಿನ ಮುಖ್ಯಸ್ಥರು ಕೀತ್ ಪಾರ್ಕ್, ನ್ಯೂಜಿಲೆಂಡಿನವರು. ಅವರ ಕಚೇರಿ ಇದ್ದದ್ದು ಲಂಡನ್ನಿನ ಪಶ್ಚಿಮಕ್ಕೆ ಅಕ್ಸ್‌ಬ್ರಿಜ್‌ನಲ್ಲಿ. ಯುದ್ಧ ನಡೆಸುವ ಆಪರೇಷನ್ಸ್ ಕೋಣೆ ಮಾತ್ರ ನೆಲದಿಂದ 60 ಅಡಿ ಕೆಳಗೆ.

ಅವರ ಕಷ್ಟ ಏನು ಅಂದರೆ ಸಮಯ. ಫ್ರಾನ್ಸಿನ ದಡದಿಂದ ಡೋವರ್‌ಗೆ ಬರೀ 33 ಕಿಲೋಮೀಟರ್ ಸಮುದ್ರ. ಬಾಂಬರ್‌ಗೆ ಅದು ಆರೇಳು ನಿಮಿಷದ ದಾರಿ. ಇತ್ತ ನಮ್ಮ ಫೈಟರ್, ನಮ್ಮ ಅಂದರೆ ಪಾರ್ಕ್ ಅವರದು, ಆರ್ಡರ್ ಬಂದಮೇಲೆ ನೆಲ ಬಿಟ್ಟು 20,000 ಅಡಿ ಏರಲು ಹತ್ತು ನಿಮಿಷಕ್ಕಿಂತ ಜಾಸ್ತಿ ಬೇಕು. ಹಾಗಂತ ಇಡೀ ದಿನ ಮೇಲೆ ಸುತ್ತುತ್ತಾ ಇರೋಣ ಅಂದರೆ ಪೆಟ್ರೋಲ್ ಸಾಲದು, ಪೈಲಟ್‌ಗಳೂ ಸಾಲರು. ಶತ್ರು ಬರುವ ಮೊದಲೇ ಗೊತ್ತಾಗಬೇಕು. ಗೊತ್ತಾದದ್ದು ಕೂಡಲೇ ತಲುಪಬೇಕು. ಅರ್ಥ ಆಯ್ತಲ್ವಾ, ಟೆಲಿಫೋನು.

ಕಡಲಂಚಿನ ರೇಡಾರ್ ಕಂಬಗಳು ಸಮುದ್ರದ ಕಡೆ ನೋಡುತ್ತಿದ್ದವು. ವಿಮಾನ ದಡ ದಾಟಿ ಒಳಗೆ ಬಂದಮೇಲೆ ರೇಡಾರ್‌ಗೆ ಕಾಣುತ್ತಿರಲಿಲ್ಲ. ಅಲ್ಲಿಂದ ಮುಂದೆ ಅಬ್ಸರ್ವರ್ ಕೋರ್ ಅನ್ನುವ ಸ್ವಯಂಸೇವಕರು. ಹೊಲದ ಬದುವಿನಲ್ಲಿ ಬೈನಾಕ್ಯುಲರ್ ಹಿಡಿದು ನಿಂತು, ಕಣ್ಣಲ್ಲಿ ನೋಡಿ, ಕಿವಿಯಲ್ಲಿ ಕೇಳಿ ಫೋನ್ ಮಾಡುತ್ತಿದ್ದರು. ಎಲ್ಲ ಸುದ್ದಿ ಅಕ್ಸ್‌ಬ್ರಿಜ್‌ನ ದೊಡ್ಡ ಮೇಜಿಗೆ ಬಂದು ಸೇರುತ್ತಿತ್ತು. ಮೇಜಿನ ಮೇಲೆ ನಕಾಶೆ. ಸುತ್ತ ವಾಯುಪಡೆಯ ಹುಡುಗಿಯರು, ಕಿವಿಗೆ ಹೆಡ್‌ಫೋನು, ಕೈಯಲ್ಲಿ ಉದ್ದನೆ ಕೋಲು. ಆ ಕೋಲಿನಲ್ಲಿ ಗುರುತುಗಳನ್ನು ತಳ್ಳುತ್ತಿದ್ದರು. ಗೋಡೆ ಗಡಿಯಾರದಲ್ಲಿ ಐದೈದು ನಿಮಿಷಕ್ಕೆ ಒಂದೊಂದು ಬಣ್ಣ: ಕೆಂಪು, ಹಳದಿ, ನೀಲಿ. ಮುಳ್ಳು ಯಾವ ಬಣ್ಣದ ಮೇಲಿದೆಯೋ ಆಗ ಬಂದ ಸುದ್ದಿಗೆ ಅದೇ ಬಣ್ಣದ ಬಾಣ. ಮೇಲಿನ ಸಾಲಿನಲ್ಲಿ ಕೂತ ಅಧಿಕಾರಿಗೆ ಬಣ್ಣ ನೋಡಿದರೆ ಸಾಕು, ಯಾವುದು ಹೊಸದು, ಯಾವುದು ಹಳತು ಅಂತ ಗೊತ್ತಾಗಿಬಿಡುತ್ತಿತ್ತು. ಎಷ್ಟು ಸುಲಭ ನೋಡಿ! ಕಂಪ್ಯೂಟರ್ ಗಿಂಪ್ಯೂಟರ್ ಏನೂ ಇಲ್ಲ.

ಈಗ ನನಗೆ ತುಂಬಾ ಇಷ್ಟವಾದ ಕಥೆ. ಲಂಡನ್ನಿನ ದಕ್ಷಿಣಕ್ಕೆ ಬಿಗ್ಗಿನ್ ಹಿಲ್ ಅಂತ ಒಂದು ವಾಯುನೆಲೆ. ಒಂದೊಂದು ಗ್ರೂಪನ್ನೂ ಸೆಕ್ಟರ್ ಅಂತ ಸಣ್ಣ ಭಾಗ ಮಾಡಿದ್ದರು, 11ನೇ ಗ್ರೂಪಿನ ಒಂದು ಸೆಕ್ಟರ್ ಅಲ್ಲಿಂದಲೇ ನಡೆಯುತ್ತಿತ್ತು. ಅಕ್ಸ್‌ಬ್ರಿಜ್‌ನ ಕೋಣೆ ನೆಲದಡಿ ಇತ್ತು, ಇಲ್ಲಿಯದು ನೆಲದ ಮೇಲೆ, ತೆಳು ಸೂರಿನ ಕಟ್ಟಡ. ಆಗಸ್ಟ್ 1940ರಲ್ಲಿ ಬಾಂಬ್ ಬೀಳಲು ಶುರುವಾಯಿತು. ಸಾರ್ಜೆಂಟ್ ಜೋನ್ ಮಾರ್ಟಿಮರ್ ಅನ್ನುವಾಕೆ ಟೆಲಿಫೋನ್ ಬೋರ್ಡಿನ ಮುಂದೆ ಕೂತಿದ್ದರು. ಎಲ್ಲಿ? ಮದ್ದುಗುಂಡಿನ ಕಟ್ಟಡದಲ್ಲಿ! ಪಕ್ಕದಲ್ಲೇ ಟನ್ನುಗಟ್ಟಲೆ ಸ್ಫೋಟಕ. ನೆಲೆಯ ಸುತ್ತಲಿನ ಕಾವಲಿನವರಿಗೆ ಸುದ್ದಿ ಕೊಡುವುದು ಅವರ ಕೆಲಸ, ಕೊಡುತ್ತಲೇ ಇದ್ದರು. ಆಮೇಲೆ ಕೆಂಪು ಬಾವುಟಗಳ ಕಟ್ಟು ಎತ್ತಿಕೊಂಡು ಮೈದಾನಕ್ಕೆ ಹೊರಟರು. ಸಿಡಿಯದೆ ಬಿದ್ದ ಬಾಂಬುಗಳ ಪಕ್ಕ ಒಂದೊಂದೇ ಬಾವುಟ ನೆಡುತ್ತಾ ಹೋದರು, ವಿಮಾನಗಳು ಅದನ್ನು ತಪ್ಪಿಸಿ ಇಳಿಯಲಿ ಅಂತ. ಹತ್ತಿರದಲ್ಲೇ ಒಂದು ಬಾಂಬ್ ಸಿಡಿಯಿತು. ಆದರೂ ನಿಲ್ಲಿಸಲಿಲ್ಲ.

ಅದಾಗಿ ಸ್ವಲ್ಪ ದಿನಕ್ಕೆ ಆಪರೇಷನ್ಸ್ ಕೋಣೆಯ ಮೇಲೆಯೇ ನೇರ ಬಾಂಬ್ ಬಿತ್ತು. ಒಳಗೆ ಹೆಲೆನ್ ಟರ್ನರ್, ಎಲ್ಸ್‌ಪೆತ್ ಹೆಂಡರ್ಸನ್ ಟೆಲಿಫೋನಿನಲ್ಲಿದ್ದರು. ಕಟ್ಟಡಕ್ಕೆ ಬೆಂಕಿ ಹತ್ತಿ, ಹೊರಗೆ ನಡೀರಿ ಅಂತ ಆರ್ಡರ್ ಬರುವ ತನಕ ಇಬ್ಬರೂ ಜಾಗ ಬಿಟ್ಟು ಏಳಲಿಲ್ಲ. ಈ ಮೂವರಿಗೂ ಶೌರ್ಯಕ್ಕೆ ಕೊಡುವ ಮಿಲಿಟರಿ ಮೆಡಲ್ ಕೊಟ್ಟರು. ಲೈನ್ ಕಿತ್ತುಹೋಗಿದ್ದವಲ್ಲ, ಅವನ್ನು ಕೂಡಿಸಿದವರು ಅಂಚೆ ಇಲಾಖೆಯವರು. ಆಗ ಅಲ್ಲಿ ಟೆಲಿಫೋನು ಅಂಚೆ ಇಲಾಖೆಯ ಕೈಯಲ್ಲಿತ್ತು, ನಮ್ಮಲ್ಲೂ ಹಿಂದೆ ಪಿ ಅಂಡ್ ಟಿ, ಅಂಚೆ ಮತ್ತು ತಂತಿ ಇಲಾಖೆ, ಇತ್ತಲ್ಲ, ಹಾಗೆ. ಬಾಂಬ್ ತೋಡಿದ ಗುಂಡಿಯೊಳಗೆ ಇಳಿದು ತಂತಿಗೆ ತಂತಿ ಸೇರಿಸಿದರು. ಆಪರೇಷನ್ಸ್ ಕೋಣೆ ಪಕ್ಕದ ಹಳ್ಳಿಯ ಒಂದು ಅಂಗಡಿಗೆ ಹೋಯಿತು. ಅಲ್ಲಿಂದ ಯುದ್ಧ ಮುಂದುವರಿಯಿತು! ಪೈಲಟ್‌ಗಳ ಹೆಸರು ಬಾಯಿಪಾಠ ಹೇಳುವವರನ್ನು ಬೇಕಾದಷ್ಟು ನೋಡಿದ್ದೇನೆ. ಈ ಮೂರು ಹೆಸರು ಹೇಳುವವರು ಸಿಗುವುದಿಲ್ಲ.

ಗಾಜಿನ ಆಚೆಯಿಂದ ಕೈ ತೋರಿಸುತ್ತಿದ್ದಾರೆ, ಬೇಗ ಮುಗಿಸುತ್ತೇನೆ. ಸೆಪ್ಟೆಂಬರ್ 15ರಂದು ಪ್ರಧಾನಿ ಚರ್ಚಿಲ್ ಅಕ್ಸ್‌ಬ್ರಿಜ್‌ಗೆ ಬಂದಿದ್ದರು. ಮೀಸಲು ಪಡೆ ಏನಿದೆ ಅಂತ ಕೇಳಿದರು. ಏನೂ ಇಲ್ಲ ಅಂದರು ಪಾರ್ಕ್. ಎಲ್ಲ ಸ್ಕ್ವಾಡ್ರನ್ನುಗಳೂ, ಅಂದರೆ ವಿಮಾನ ತುಕಡಿಗಳು, ಮೇಲೆ ಹಾರಿಯಾಗಿತ್ತು. ಅವತ್ತು 185 ಜರ್ಮನ್ ವಿಮಾನ ಬೀಳಿಸಿದೆವು ಅಂತ ಬ್ರಿಟಿಷರು ಘೋಷಿಸಿದರು. ನಿಜವಾಗಿ ಬಿದ್ದದ್ದು ಸುಮಾರು 60. ಜರ್ಮನ್ನರನ್ನು ತಡೆಯಲು ಅಷ್ಟು ಸಾಕಾಯಿತು. ಪಾರ್ಕ್ ಅವರನ್ನು ಡಿಸೆಂಬರಿನಲ್ಲಿ ಆ ಹುದ್ದೆಯಿಂದ ತೆಗೆದರು. ಅದೊಂದು ದೊಡ್ಡ ರಾಜಕೀಯ, ಅದಕ್ಕೆ ಇನ್ನೊಂದು ದಿನವೇ ಬೇಕು.

ಮೈಸೂರಿನವರು ಕೇಳುತ್ತಿದ್ದರೆ ಒಂದು ಮಾತು. 1941ರಲ್ಲಿ ಇದೇ 11ನೇ ಗ್ರೂಪಿಗೆ, ಟ್ಯಾಂಗ್‌ಮಿಯರ್ ಸೆಕ್ಟರಿಗೆ ಒಂದು ಸ್ಪಿಟ್‌ಫೈರ್ ಸ್ಕ್ವಾಡ್ರನ್ ಬಂತು. ಸಂಖ್ಯೆ 129, ಹೆಸರು ಮೈಸೂರು ಸ್ಕ್ವಾಡ್ರನ್. ನಮ್ಮ ಸಂಸ್ಥಾನ ಕೊಟ್ಟ ದೇಣಿಗೆಗೆ ಗೌರವವಾಗಿ ಇಟ್ಟ ಹೆಸರು. ಅದರ ಲಾಂಛನದಲ್ಲಿ ಗಂಡಭೇರುಂಡ! 1944ರಲ್ಲಿ ಜರ್ಮನ್ನರು ಪೈಲಟ್ ಇಲ್ಲದ ಹಾರುವ ಬಾಂಬು ಬಿಡತೊಡಗಿದಾಗ ಈ ಸ್ಕ್ವಾಡ್ರನ್ನಿನವರು ಕೆಂಟ್ ಜಿಲ್ಲೆಯ ಬ್ರೆನ್ಜೆಟ್‌ನಿಂದ ಮಸ್ಟಾಂಗ್ ವಿಮಾನಗಳಲ್ಲಿ ಹಾರಿ ಅವನ್ನು ಬೆನ್ನಟ್ಟಿದರು. ಬಾಂಬು ಎಲ್ಲಿ ಬರುತ್ತಿದೆ ಅಂತ ಅವರಿಗೆ ಯಾರು ಹೇಳುತ್ತಿದ್ದರು? ನೆಲದ ಮೇಲೆ, ಟೆಲಿಫೋನು ಹಿಡಿದು ಕೂತವರು. ನಮಸ್ಕಾರ.