ಇಲ್ಲದ ಗ್ರಂಥಕ್ಕೊಂದು ಚರಿತ್ರೆ

ಕೇಳುಗರೆಲ್ಲರಿಗೂ ನಮಸ್ಕಾರ.

ಕಲ್ಪಿತ ಲೋಕವೊಂದನ್ನು ಕಟ್ಟಿ ಕಾದಂಬರಿ ಬರೆಯಲು ಹೊರಟಿರುವವರು ಈ ಮಾತನ್ನು ಕೇಳುತ್ತಿದ್ದಾರೆಂದು ಭಾವಿಸಿಕೊಂಡು ನಾನು ಮಾತನಾಡುತ್ತೇನೆ. ಅಂಥ ಲೋಕದಲ್ಲಿ ಹೆಚ್ಚುಕಡಿಮೆ ತಪ್ಪದೆ ಒಂದು ಪವಿತ್ರ ಗ್ರಂಥವಿರುತ್ತದೆ. ಅದರೊಳಗೆ ಗುರುವು ಶಿಷ್ಯನ ಕಿವಿಯಲ್ಲಷ್ಟೇ ಉಸುರಬೇಕಾದ ಗುಹ್ಯ ಬೋಧೆಯಿರುತ್ತದೆ. ಹೊಸ ಲೇಖಕರು ನನಗೆ ಓದಲು ಕೊಡುವ ಹಸ್ತಪ್ರತಿಗಳಲ್ಲಿ ಈ ಬೋಧೆಯೆಲ್ಲವನ್ನೂ ಅಧ್ಯಾಯಗಟ್ಟಲೆ ಬರೆದಿಟ್ಟಿರುತ್ತಾರೆ. ಸೃಷ್ಟಿಗೆ ಮುನ್ನ ಏನಿತ್ತು, ಮೊದಲ ಬೆಳಕು ಎಷ್ಟು ಪಾಲಾಯಿತು, ಕೊನೆಯ ಬಾಗಿಲಿನ ಆಚೆ ಯಾರು ಕಾದಿದ್ದಾರೆ, ಎಲ್ಲವೂ ಅಲ್ಲಿರುತ್ತದೆ. ಎಲ್ಲವನ್ನೂ ಹೇಳಿ ಮುಗಿಸಿದ ಮೇಲೆ ಅದು ಗುಹ್ಯವಾಗಿ ಉಳಿಯುವುದಾದರೂ ಹೇಗೆ? ಆದ್ದರಿಂದ ನಾನು ಹೇಳಬೇಕಾದದ್ದು ಒಂದೇ ಮಾತು: ಗ್ರಂಥವನ್ನು ಬರೆಯಬೇಡಿ, ಗ್ರಂಥದ ಚರಿತ್ರೆಯನ್ನು ಬರೆಯಿರಿ.

ಈ ವಿದ್ಯೆ ಚೆನ್ನಾಗಿ ಕೈವಶವಾಗಿದ್ದದ್ದು ಅಮೆರಿಕದ ಎಚ್. ಪಿ. ಲವ್‌ಕ್ರಾಫ್ಟ್ ಅವರಿಗೆ. 1890ರಲ್ಲಿ ಹುಟ್ಟಿ 1937ರಲ್ಲಿ ತೀರಿಕೊಂಡ ಈ ಭಯಾನಕ ಕಥೆಗಾರರು 'ನೆಕ್ರೊನೊಮಿಕಾನ್' ಎಂಬ ನಿಷಿದ್ಧ ಗ್ರಂಥವೊಂದನ್ನು ಕಲ್ಪಿಸಿಕೊಂಡರು. 1924ರಲ್ಲಿ ಅಚ್ಚಾದ ಕಥೆಯೊಂದರಲ್ಲಿ ಅದರ ಹೆಸರು ಮೊದಲು ಕಾಣಿಸಿಕೊಂಡಿತು. ಅನಂತರದ ಕಥೆಗಳಲ್ಲಿ ಅದರಿಂದ ಆಯ್ದದ್ದೆಂದು ಅಲ್ಲೊಂದು ಸಾಲು, ಇಲ್ಲೊಂದು ಖಂಡಿಕೆ ಬರುತ್ತದೆಯೇ ಹೊರತು ಇಡೀ ಗ್ರಂಥ ಎಲ್ಲಿಯೂ ತೆರೆದುಕೊಳ್ಳುವುದಿಲ್ಲ. ಅವರು ಶ್ರಮಪಟ್ಟು ಬರೆದದ್ದು ಅದರ ಚರಿತ್ರೆಯನ್ನು. 1927ರಲ್ಲಿ ಬರೆದ ಆ ಪುಟ್ಟ ಟಿಪ್ಪಣಿಯ ಪ್ರಕಾರ, ಹುಚ್ಚು ಕವಿಯೊಬ್ಬ ಸುಮಾರು 730ರಲ್ಲಿ ಡಮಾಸ್ಕಸ್ಸಿನಲ್ಲಿ ಕುಳಿತು ಅದನ್ನು ಅರಬ್ಬಿಯಲ್ಲಿ ಬರೆದ. 950ರಲ್ಲಿ ಅದು ಗ್ರೀಕಿಗೂ 1228ರಲ್ಲಿ ಲ್ಯಾಟಿನ್ನಿಗೂ ಬಂದಿತು. 1232ರಲ್ಲಿ ಪೋಪ್ ಒಂಬತ್ತನೆಯ ಗ್ರೆಗರಿ ಅದನ್ನು ನಿಷೇಧಿಸಿದರು. ಅಳಿದುಳಿದ ಪ್ರತಿಗಳಲ್ಲಿ ಒಂದು ಬ್ರಿಟಿಷ್ ಮ್ಯೂಸಿಯಂನಲ್ಲಿ ಬೀಗದೊಳಗಿದೆ. ಪೋಪ್ ನಿಜ, ಮ್ಯೂಸಿಯಂ ನಿಜ, ಪುಸ್ತಕವೊಂದೇ ಸುಳ್ಳು. ಲ್ಯಾಟಿನ್ ಅನುವಾದಕನೆಂದು ಅವರು ಹೆಸರಿಸಿದ ಓಲಾಸ್ ವರ್ಮಿಯಸ್ ಕೂಡ ನಿಜವಾದ ಮನುಷ್ಯನೇ. ಆದರೆ ಆ ಡೆನ್ಮಾರ್ಕಿನ ವೈದ್ಯ ಬದುಕಿದ್ದು 1588ರಿಂದ 1654ರವರೆಗೆ. ನಾಲ್ಕು ಶತಮಾನಗಳ ಈ ಅಂತರದಿಂದ ಗ್ರಂಥದ ಮಹಿಮೆಗೆ ಕೂದಲೆಳೆಯಷ್ಟೂ ಕುಂದು ಬರಲಿಲ್ಲ.

1929ರಲ್ಲಿ ಪ್ರಕಟವಾದ 'ಡನ್‌ವಿಚ್ ಹಾರರ್' ಎಂಬ ಕಥೆಯನ್ನಂತೂ ನಾನು ಸಂದರ್ಭ ಸಿಕ್ಕಾಗಲೆಲ್ಲ ಹೇಳುತ್ತೇನೆ, ಇಲ್ಲಿಯೂ ಬಿಡುವುದಿಲ್ಲ. ಅದರಲ್ಲಿ ಮುದುಕನೊಬ್ಬ ಸಾಯುವ ಗಳಿಗೆಯಲ್ಲಿ ಮೊಮ್ಮಗನನ್ನು ಕರೆದು, ಪೂರ್ಣ ಪ್ರತಿಯ 751ನೆಯ ಪುಟದಲ್ಲಿ ದೀರ್ಘವಾದ ಮಂತ್ರವೊಂದಿದೆ, ಅದರಿಂದ ದ್ವಾರವನ್ನು ತೆರೆ ಎಂದು ಹೇಳುತ್ತಾನೆ. ತೊಡಕೆಂದರೆ, ಅಜ್ಜನಿಂದ ಬಂದ ಇಂಗ್ಲಿಷ್ ಪ್ರತಿಯಲ್ಲಿ ಆ ಭಾಗವೇ ಇಲ್ಲ. ಮೊಮ್ಮಗ ವಿಶ್ವವಿದ್ಯಾನಿಲಯದ ಗ್ರಂಥಾಲಯಕ್ಕೆ ಬಂದು, ತನ್ನ ಹರಕು ಪ್ರತಿಯನ್ನು ಲ್ಯಾಟಿನ್ ಪ್ರತಿಯ ಪಕ್ಕದಲ್ಲಿಟ್ಟುಕೊಂಡು ಸಾಲು ಸಾಲಾಗಿ ಹೋಲಿಸತೊಡಗುತ್ತಾನೆ. ಗ್ರಂಥಪಾಲಕರು ಅವನ ಹೆಗಲ ಮೇಲಿಂದ ಇಣುಕಿ ಓದಿದ ಒಂದು ಭಾಗವಷ್ಟೇ ನಮ್ಮ ಪಾಲಿಗೆ ದಕ್ಕುತ್ತದೆ. ಗ್ರಂಥವನ್ನು ಮನೆಗೊಯ್ಯಲು ಅವರು ಒಪ್ಪುವುದಿಲ್ಲ. ಮುಂದೊಂದು ರಾತ್ರಿ ಅವನು ಕದಿಯಲೆಂದು ನುಗ್ಗುತ್ತಾನೆ, ಕಾವಲು ನಾಯಿ ಅವನನ್ನು ಸೀಳಿ ಕೊಲ್ಲುತ್ತದೆ. ಅವನು ಹುಡುಕಿಕೊಂಡು ಬಂದ ಮಂತ್ರ ನಮಗೆ ಕೊನೆಗೂ ಓದಲು ಸಿಗುವುದಿಲ್ಲ. ಗಮನಿಸಿ, ಗ್ರಂಥದ ಬೋಧೆ ಇಲ್ಲಿ ಹೆಚ್ಚೇನೂ ಇಲ್ಲ. ಒಂದು ಪುಟಸಂಖ್ಯೆ, ಒಂದು ಹರಿದ ಪ್ರತಿ, ಎರವಲು ಕೊಡಲೊಪ್ಪದ ಒಬ್ಬ ಗ್ರಂಥಪಾಲಕ, ಇಷ್ಟೇ ಇರುವುದು. ಇದನ್ನೇ ನಾನು ಚರಿತ್ರೆ ಎನ್ನುತ್ತಿರುವುದು.

ಓದುಗರು ಗ್ರಂಥ ಎಲ್ಲಿ ಸಿಗುತ್ತದೆಂದು ಲವ್‌ಕ್ರಾಫ್ಟರನ್ನೇ ಕೇಳಿದರು, ಅದು ತಮ್ಮ ಕಲ್ಪನೆಯೆಂದು ಅವರು ಮುಚ್ಚುಮರೆಯಿಲ್ಲದೆ ಉತ್ತರಿಸಿದರು. ಅದನ್ನು ಯಾರಾದರೂ ನಿಜವಾಗಿ ಬರೆದರೆ, ಅದರ ಸೂಚನೆಗಳಿಗೇ ನಡುಗಿದವರೆಲ್ಲರಿಗೂ ನಿರಾಶೆಯಾಗುತ್ತದೆಂದು 1936ರ ಪತ್ರವೊಂದರಲ್ಲಿ ಅವರು ಎಚ್ಚರಿಸಿಯೂ ಇದ್ದರು. ಆದರೂ 1977ರಲ್ಲಿ ಅದೇ ಹೆಸರಿನ ಪುಸ್ತಕವೊಂದು ಮಾರಾಟಕ್ಕೆ ಬಂದೇಬಿಟ್ಟಿತು. ಅದರಲ್ಲಿ 751 ಪುಟಗಳೇ ಇಲ್ಲ.

ಈ ಕಥೆಯೇ ನನ್ನ ಸಮಯವನ್ನೆಲ್ಲ ತಿಂದುಹಾಕಿತು. ಉಳಿದದ್ದನ್ನು ಬೇಗ ಹೇಳುತ್ತೇನೆ. ನಿಮ್ಮ ಗ್ರಂಥವನ್ನು ಓದುವ ಅಧಿಕಾರ ಯಾರಿಗಿದೆ, ಅಧಿಕಾರವಿಲ್ಲದವರು ಓದಿದರೆ ಏನಾಗುತ್ತದೆ ಎಂಬುದನ್ನು ಬರೆಯುವ ಮೊದಲೇ ನಿರ್ಧರಿಸಿಕೊಳ್ಳಿ. ಅದು ತಾಳೆಗರಿಯೋ ಚರ್ಮದ ಹಾಳೆಯೋ ಕಲ್ಲೋ ಎಂಬುದೂ ಮುಖ್ಯ, ಏಕೆಂದರೆ ಹುಳ ತಿನ್ನುವ ಗರಿಯನ್ನು ಮತ್ತೆ ಮತ್ತೆ ಪ್ರತಿಮಾಡಬೇಕಾಗುತ್ತದೆ, ಪ್ರತಿಮಾಡುವಾಗಲೆಲ್ಲ ಲಿಪಿಕಾರನ ಕೈ ತಪ್ಪುತ್ತದೆ, ಆ ತಪ್ಪಿನಿಂದಲೇ ಹೊಸ ಪಂಥವೊಂದು ಹುಟ್ಟಬಹುದು.

ಇನ್ನು ಗ್ರಂಥದ ಸಾಲುಗಳನ್ನು ಬರೆಯಲೇಬೇಕೆಂದು ಹಟ ಹಿಡಿಯುವವರಿಗೆ ಒಂದು ಮಾತು. ಅಲ್ಲಮಪ್ರಭುವಿನ ಬೆಡಗಿನ ವಚನಗಳನ್ನು ಓದಿ ನೋಡಿ. ಒಂದೊಂದು ಪದವೂ ನಮಗೆ ಗೊತ್ತಿರುವುದೇ, ಆದರೆ ಅರ್ಥ ಮಾತ್ರ ಥಟ್ಟನೆ ಕೈಗೆ ಸಿಗುವುದಿಲ್ಲ, ಹಾಗಾಗಿಯೇ ಬೆಡಗಿನ ವಚನಗಳಿಗೆ ಟೀಕೆಗಳು ಹುಟ್ಟಿಕೊಂಡವು. ನಿಮ್ಮ ಲೋಕದ ಗ್ರಂಥದಿಂದಲೂ ಮೂರೇ ಸಾಲು ಕೊಡಿ. ಆ ಮೂರು ಸಾಲಿನ ಮೇಲೆ ಇಬ್ಬರು ಟೀಕಾಕಾರರು ಜಗಳವಾಡಲಿ. ಅವರಲ್ಲೊಬ್ಬನ ಟೀಕೆಯನ್ನು ಯಾರೋ ಸುಟ್ಟುಹಾಕಿರಲಿ, ಸುಟ್ಟವರು ಯಾರೆಂಬುದರ ಬೆನ್ನುಹತ್ತಿ ನಿಮ್ಮ ಕಾದಂಬರಿ ಸಾಗಲಿ.

ನಮಸ್ಕಾರ.