ಮರಡಿಗಡಲಿನ ಸದ್ದುಗಳು

ಕೇಳುಗರಿಗೆ ನಮಸ್ಕಾರ. ಅಡುಗೆಮನೆಯಲ್ಲಿ ಮುದ್ದೆ ತಿರುವುತ್ತಿರುವ ತಾಯಂದಿರಿಗೂ, ಓದುವ ನೆಪದಲ್ಲಿ ರೇಡಿಯೊಗೆ ಕಿವಿಗೊಟ್ಟಿರುವ ಮಕ್ಕಳಿಗೂ.

ಚಿತ್ರದುರ್ಗದಲ್ಲಿ ಕೂತು ಕಡಲಿನ ಮಾತಾಡುತ್ತಾನಲ್ಲ ಈ ನಿವೃತ್ತ ಭೌತಶಾಸ್ತ್ರದ ಮೇಷ್ಟ್ರು ಎಂದು ನಗಬೇಡಿ. ಇಲ್ಲಿಂದ ಹಿರಿಯೂರಿನ ಕಡೆಗೆ ಹೋದರೆ ಮರಡಿಹಳ್ಳಿ ಇದೆ. ಅಲ್ಲಿ ದಿಂಬುಗಳನ್ನು ಒಟ್ಟಿದಂತೆ ಕಾಣುವ ಬಂಡೆಗಳಿವೆ. ಲಾವಾರಸ ನೀರಿನೊಳಗೆ ಉಕ್ಕಿ ತಟ್ಟನೆ ತಣಿದರೆ ಕಲ್ಲು ಹೀಗೆ ದಿಂಬಾಗುತ್ತದೆ. ಸುಮಾರು 250 ಕೋಟಿ ವರ್ಷಗಳ ಹಿಂದಿನ ಮಾತು. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆ ಅದನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಗುರುತಿಸಿದೆ. ಬರದ ಜಿಲ್ಲೆ ಎನ್ನಿಸಿಕೊಂಡ ನಮ್ಮ ನೆಲದ ಮೇಲೆ ಕಡಲಿತ್ತು!

ಕಳೆದ ಬೇಸಿಗೆ ಶಿಬಿರದಲ್ಲಿ ಮಕ್ಕಳೂ ನಾನೂ ಸೇರಿ ಆ ಕಡಲನ್ನು ಮತ್ತೆ ತುಂಬಿಸಿದೆವು. ಹೆಸರು ಮರಡಿಗಡಲು. ಬೆಳಕಿಲ್ಲದ ಆಳ, ಅದರೊಳಗೆ ಜನ. ನಾನು ಹಾಕಿದ್ದು ಒಂದೇ ಕಟ್ಟಳೆ: ಕಡಲೊಳಗೆ ಕಿವಿಯೇ ಕಣ್ಣು. ಏನು ಬೇಕಾದರೂ ಕಲ್ಪಿಸಿ, ಸದ್ದಿನಲ್ಲಿ ಕಲ್ಪಿಸಿ. ಪಾತಾಳದ ಅರಮನೆಯಲ್ಲಿ ರಾಜಕುಮಾರಿಯ ಸೀರೆಯ ಅಂಚು ಮಿನುಗುವ ಕಥೆಗಳನ್ನು ಕಂಡರೆ ನನಗೆ ಮೈ ಉರಿಯುತ್ತದೆ. ಸಾವಿರ ಮೀಟರ್ ಕೆಳಗೆ ಸೂರ್ಯನ ಬೆಳಕು ಇಳಿಯುವುದೇ ಇಲ್ಲ ಸ್ವಾಮಿ! ಇಳಿಯುವುದು ಸದ್ದು. ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ಓಡುವ ಸದ್ದು, ಕಡಲ ನೀರಿನಲ್ಲಿ ಸುಮಾರು 1,500 ಮೀಟರ್ ಓಡುತ್ತದೆ.

ಇದು ನನ್ನ ತಲೆಗೆ ಹೊಕ್ಕಿದ್ದು ಪುಸ್ತಕದಿಂದಲ್ಲ, ಏಟಿನಿಂದ. ಒಂಬತ್ತು ವರ್ಷದವನಿದ್ದಾಗ ಸೊಂಟಕ್ಕೆ ಒಣಗಿದ ಸೋರೆಬುರುಡೆ ಕಟ್ಟಿಕೊಂಡು ನಮ್ಮ ತೋಟದ ಬಾವಿಯಲ್ಲಿ ಈಜು ಕಲಿಯುತ್ತಿದ್ದೆ. ಒಂದು ಮಧ್ಯಾಹ್ನ ಬುರುಡೆ ಬಿಚ್ಚಿ, ಮೆಟ್ಟಿಲ ಕಲ್ಲು ಹಿಡಿದು ಮುಳುಗು ಹಾಕಿದೆ. ಆಚೆ ಮೂಲೆಯಲ್ಲಿ ಅಣ್ಣನೂ ಮುಳುಗಿ ಎರಡು ಬೆಣಚುಕಲ್ಲು ಕುಟ್ಟಿದ. ಟಣ್! ಸದ್ದು ಆ ಮೂಲೆಯಿಂದ ಬರಲಿಲ್ಲ. ನನ್ನ ತಲೆಬುರುಡೆಯೊಳಗೇ ಎದ್ದಿತು. ಎಡವೋ ಬಲವೋ ತಿಳಿಯದೆ, ಯಾರೋ ತಲೆಯೊಳಗೆ ಕೂತು ಕಲ್ಲು ಒಡೆಯುತ್ತಿದ್ದಾರೆಂದು ಹೆದರಿ ಮೇಲೆ ಬಂದೆ. ಆ ಹೆದರಿಕೆಯ ರುಚಿ ಹತ್ತಿತು. ಮತ್ತೆ ಮುಳುಗು, ಮತ್ತೆ ಟಣ್. ಇಬ್ಬರೂ ನೀರೊಳಗಿದ್ದ ಹೊತ್ತಿಗೇ ಅವ್ವ ಬುತ್ತಿ ಹೊತ್ತು ಬಂದಿದ್ದಾಳೆ. ನೋಡಿದರೆ ನೀರ ಮೇಲೆ ಸೋರೆಬುರುಡೆ ತೇಲುತ್ತಿದೆ, ಮಕ್ಕಳಿಲ್ಲ. ಬಾವಿಕಟ್ಟೆಯ ಮೇಲೆ ನಿಂತು ಊರಿಗೇ ಕೇಳುವಂತೆ ಮೂರು ಸಲ ಕೂಗಿದಳಂತೆ. ನಾನು ತಲೆ ಎತ್ತಿದಾಗ ಅವಳ ಕೈಯಲ್ಲಿ ಹುಣಸೆಯ ಬರಲು ಸಿದ್ಧವಾಗಿತ್ತು.

“ಕೇಳಿಸಲಿಲ್ಲ ಅವ್ವಾ” ಎಂದೆ. ಅಷ್ಟರಲ್ಲಿ ಅಣ್ಣ ಕಲ್ಲಿನ ಆಟದ ಗುಟ್ಟು ಬಿಟ್ಟುಕೊಟ್ಟಿದ್ದ. “ನಾಲ್ಕು ಮಾರು ಆಚೆಯ ಕಲ್ಲು ಕೇಳಿಸುತ್ತದೆ, ತಲೆಯ ಮೇಲೆ ನಿಂತ ಅವ್ವ ಕೇಳಿಸುವುದಿಲ್ಲವೇನೋ?” ಬರಲು ಮೀನಖಂಡಕ್ಕೆ ಸುತ್ತಿಕೊಂಡಿತು. ಹತ್ತು ವರ್ಷ ಕಳೆದು, ಕಾಲೇಜಿನಲ್ಲಿ ಗುರುಗಳು ಹೇಳಿದರು: ಗಾಳಿಯ ಸದ್ದು ನೀರಿಗೆ ಬಡಿದಾಗ ಸಾವಿರದಲ್ಲಿ ಒಂದು ಪಾಲಿನಷ್ಟು ಶಕ್ತಿ ಮಾತ್ರ ಒಳಗಿಳಿಯುತ್ತದೆ, ಉಳಿದದ್ದು ಹಾಗೆಯೇ ವಾಪಸ್ಸು. ಆ ಶನಿವಾರವೇ ಬಸ್ ಹತ್ತಿ ಊರಿಗೆ ಹೋದೆ. ನಾನು ಅಂದು ಸುಳ್ಳು ಹೇಳಿರಲಿಲ್ಲ ಎಂದು ಲೆಕ್ಕ ಸಮೇತ ವಿವರಿಸಿದೆ. ಅವ್ವ ರೊಟ್ಟಿ ತಟ್ಟುವುದನ್ನು ನಿಲ್ಲಿಸದೆ, “ಹೋಗಲಿ ಬಿಡು, ಬೇರೆ ಯಾವುದಕ್ಕೋ ಬಾಕಿ ಇದ್ದ ಏಟು ಅದು” ಎಂದಳು.

ಅಯ್ಯೋ, ಬಾವಿಯಲ್ಲೇ ಹೊತ್ತು ಹೋಯಿತು. ಗಾಜಿನಾಚೆಯಿಂದ ಗಡಿಯಾರ ತೋರಿಸುತ್ತಿದ್ದಾರೆ.

ಮರಡಿಗಡಲಿನ ಮೊದಲ ವಿಸ್ಮಯ ಹಿಂಗೂಗು. ಅಲ್ಲಿ ಅಜ್ಜಿ ಕೂಗಿದ ಕೂಗು ಕಡಲಿನ ಒಂದು ಪದರಕ್ಕೆ ಸಿಕ್ಕಿ, ಲೋಕ ಸುತ್ತಿ, ಮೊಮ್ಮಗಳ ಕಾಲಕ್ಕೆ ಮನೆಗೆ ಬರುತ್ತದೆ. ಬರೀ ಕಟ್ಟುಕಥೆ ಎನ್ನಬೇಡಿ. ನಿಜವಾದ ಕಡಲಿನಲ್ಲೂ ಸಾವಿರ ಮೀಟರ್ ಆಸುಪಾಸಿನ ಆಳದಲ್ಲಿ ಸದ್ದಿಗೊಂದು ಕಾಲುವೆ ಇದೆ. ಮೇಲೆ ಹೊರಟರೂ ಕೆಳಗೆ ಹೊರಟರೂ ಸದ್ದು ಬಾಗಿ ಅಲ್ಲಿಗೇ ಮರಳುತ್ತದೆ. 1960ರಲ್ಲಿ ಆಸ್ಟ್ರೇಲಿಯಾದ ಪರ್ತ್ ಬಳಿ ಕಡಲೊಳಗೆ ಮದ್ದು ಸಿಡಿಸಿದರು. ಹೆಚ್ಚುಕಡಿಮೆ ಮೂರೂಮುಕ್ಕಾಲು ಗಂಟೆಯ ಮೇಲೆ ಆ ಸದ್ದು ಬರ್ಮುಡಾದಲ್ಲಿ ಸಿಕ್ಕಿತು. ಭೂಮಿಯ ಸುಮಾರು ಅರ್ಧ ಸುತ್ತು! ಬೆಳಕು ಹೀಗೆ ಹೋದೀತೇ? ಅದಕ್ಕೇ ಹೇಳುವುದು, ಕಡಲೊಳಗೆ ಕಿವಿಯೇ ಕಣ್ಣು.

ಎರಡನೆಯದು ಕಿವುಡು ಹೊಂಡ. ಬಿಸಿ ನೀರು ತಣ್ಣೀರು ಸೇರುವಲ್ಲಿ ಸದ್ದು ಬಾಗಿ, ಅದರ ‘ನೆರಳು’ ಬೀಳುವ ಜಾಗ. ಜಲಾಂತರ್ಗಾಮಿಗಳು ಅಡಗುವುದು ಇಂಥಲ್ಲೇ. ಇಷ್ಟೇ ಸಾಕು, ಓಬವ್ವನ ವಿಷಯ ಬಿಡಲಾರೆ.

ಕಡಲೊಳಗೂ ಓಬವ್ವ ಬೇಕೇ ಬೇಕು ಎಂದು ಮಕ್ಕಳು ಹಟ ಹಿಡಿದರು. ದುರ್ಗದ ಮಕ್ಕಳಲ್ಲವೇ! ನಾನು ಒಪ್ಪಲಿಲ್ಲ. ನೀರಿಗೆ ಹೋದ ಓಬವ್ವನಿಗೆ ಕಿಂಡಿಯ ಪಿಸುಮಾತು ಕೇಳಿಸಿದ್ದು ಗಾಳಿಯಲ್ಲಿ. ಸದ್ದು ಒಂದು ಕಿವಿಗೆ ಮೊದಲು, ಇನ್ನೊಂದಕ್ಕೆ ಕೂದಲೆಳೆಯಷ್ಟು ತಡವಾಗಿ ಮುಟ್ಟುವುದರಿಂದ ದಿಕ್ಕು ತಿಳಿಯುತ್ತದೆ. ನೀರಿನಲ್ಲಿ ಸದ್ದಿನ ವೇಗ ನಾಲ್ಕು ಪಟ್ಟಿಗೂ ಹೆಚ್ಚು. ಎರಡು ಕಿವಿಗೂ ಒಟ್ಟಿಗೇ ಬಂದಂತಾಗಿ ದಿಕ್ಕು ಕಲಸಿಹೋಗುತ್ತದೆ, ಬಾವಿಯಲ್ಲಿ ನನಗಾದ ಹಾಗೆ. ಕಡಲ ಓಬವ್ವ ಯಾವ ಕಿಂಡಿಗೆ ಓಡಬೇಕು ಹೇಳಿ ಎಂದೆ.

ಆರನೆಯ ತರಗತಿಯ ಹುಡುಗಿಯೊಬ್ಬಳು ಎದ್ದು ನಿಂತಳು. “ಸಾರ್, ಅವಳ ಕಿವಿ ತಲೆಯಲ್ಲಿಲ್ಲ. ಒನಕೆಯ ಎರಡು ತುದಿಗೆ ಒಂದೊಂದು ಇದೆ.”

ಗೇಣು ಅಂತರದಲ್ಲಿರುವ ಕಿವಿಗಳು ನಾಲ್ಕೂವರೆ ಗೇಣು ದೂರವಾದರೆ ನೀರಿನಲ್ಲೂ ಲೆಕ್ಕ ಸರಿಹೋಗುತ್ತದೆ. ಒನಕೆ ಅದಕ್ಕಿಂತ ಉದ್ದವೇ. ಇಷ್ಟು ವರ್ಷ ಪಾಠ ಮಾಡಿದವನು ಬಾಯಿ ಮುಚ್ಚಿಕೊಂಡು ಕುಳಿತೆ. ಈಗ ಮರಡಿಗಡಲಿನ ಕತ್ತಲಲ್ಲಿ ಓಬವ್ವ ಒನಕೆಯನ್ನು ಅಡ್ಡ ಹಿಡಿದು, ಮೆಲ್ಲಗೆ ಎಡಕ್ಕೂ ಬಲಕ್ಕೂ ತಿರುಗಿಸುತ್ತ ಕಾಯುತ್ತಿದ್ದಾಳೆ. ನಮಸ್ಕಾರ.